ನ್ಯೂಯಾರ್ಕಿನ ಸುರಂಗರೈಲಿನ ಕಲೆಯೂ ಮಾರ್ಗದರ್ಶಿಯ ವ್ಯಾಖ್ಯಾನವೂ

೧

ಕಾವ್ಯಕ್ಕೆ ಟೀಕೆಯಿರುವಂತೆ ನಗರಕ್ಕೂ ಒಂದು ಟೀಕೆಯುಂಟು. ಅದು ಬಹುಮಟ್ಟಿಗೆ ಓಲೆಯಲ್ಲಾಗಲಿ ಕಾಗದದಲ್ಲಾಗಲಿ ನಿಲ್ಲದೆ ಬಾಯಿಂದ ಬಾಯಿಗೆ ಸಾಗುತ್ತಿರುವುದು. ಅದನ್ನು ಹೇಳುವವರು ಮಾರ್ಗದರ್ಶಿಗಳು. ಪದ್ಯವನ್ನು ಅನ್ವಯಿಸಿ, ಪದಗಳನ್ನು ಬಿಡಿಸಿ, ಕಥೆಯ ಪೂರ್ವೋತ್ತರಗಳನ್ನು ತಿಳಿಸುವ ಟೀಕಾಕಾರನಂತೆಯೇ ಮಾರ್ಗದರ್ಶಿಯೂ ನಮ್ಮನ್ನು ಒಂದು ಗೋಡೆಯ ಮುಂದೆ ನಿಲ್ಲಿಸಿ, ಇದನ್ನು ಮಾಡಿದವರಾರು, ಮಾಡಿದ್ದು ಯಾವಾಗ, ಮಾಡಿದ್ದು ಏತಕ್ಕೆ ಎಂಬುದನ್ನು ಅರುಹುತ್ತಾನೆ. ಟೀಕೆಯಿಂದ ಕಾವ್ಯಕ್ಕೆ ಉಪಕಾರವಾಗುವುದುಂಟು. ಕೆಲವೊಮ್ಮೆ ಟೀಕೆಯೇ ಬೆಳೆದು ಕಾವ್ಯವನ್ನು ಮರೆಮಾಡುವುದೂ ಉಂಟು. ಇದು ಸಾಹಿತ್ಯವನ್ನು ಬೋಧಿಸುವವರಿಗೆಲ್ಲ ತಿಳಿದ ಸಂಗತಿ. ಬಾಯಿಮಾತಿನ ಈ ಟೀಕೆಯನ್ನು ಮಾತ್ರ ವಿಮರ್ಶೆಯ ಒರೆಗಲ್ಲಿಗೆ ಹಚ್ಚಿ ನೋಡುವ ಪ್ರಯತ್ನ ವಿರಳ.

ಅಂಥ ಪರೀಕ್ಷೆಗೆ ನ್ಯೂಯಾರ್ಕ್ ನಗರದ ಸುರಂಗರೈಲು ತಕ್ಕ ವಸ್ತುವಾಗಿದೆ. ಅಲ್ಲಿನವರು ಸಬ್‌ವೇ ಎಂದು ಕರೆಯುವ ಈ ರೈಲಿನ ನಿಲ್ದಾಣಗಳಲ್ಲಿ ನೂರು ವರ್ಷಗಳಿಗೆ ಮೀರಿದ ಚಿತ್ರಕಲೆ, ಮಣ್ಣಿನ ಕೆಲಸ, ಮೊಸಾಯಿಕ್, ಕಂಚಿನ ಪ್ರತಿಮೆ ಇವೆಲ್ಲವೂ ಪದರಪದರವಾಗಿ ಕೂಡಿಕೊಂಡಿವೆ. ಅವುಗಳನ್ನು ತೋರಿಸಿ ಅರ್ಥ ಹೇಳುವ ಪ್ರವಾಸಗಳೂ ಅಲ್ಲಿ ನಡೆಯುತ್ತವೆ. ಈ ಲೇಖನದಲ್ಲಿ ಆ ಕಲೆಯನ್ನೂ, ಅದನ್ನು ಕುರಿತು ಮಾರ್ಗದರ್ಶಿಗಳು ಸಾಮಾನ್ಯವಾಗಿ ಹೇಳುವ ಮಾತುಗಳನ್ನೂ ಒಟ್ಟಿಗೆ ಇಟ್ಟು ಪರಿಶೀಲಿಸಲು ಉದ್ದೇಶಿಸಿದೆ. ನಮ್ಮ ಸಿದ್ಧಾಂತವನ್ನು ಮೊದಲೇ ಸೂತ್ರರೂಪವಾಗಿ ಹೇಳಬಹುದು: ಮಾರ್ಗದರ್ಶಿಯು ನೋಡುವವನಿಗೆ ಅರ್ಥವನ್ನು ಕೊಡುತ್ತಾನೆ; ಆದರೆ ಕೃತಿಯಿಂದ ಅದರ ಕಾಲವನ್ನು ಕಸಿದುಕೊಳ್ಳುತ್ತಾನೆ. ಇದು ನಿಂತು ನೋಡುವವರಿಗಾಗಿ ಹುಟ್ಟಿದ ಕಲೆಯಲ್ಲ. ಸಾಗುವವರಿಗಾಗಿ ಹುಟ್ಟಿದ್ದು.

೨

ಮೊದಲು ಇತಿಹಾಸ. ನ್ಯೂಯಾರ್ಕಿನ ಮೊದಲನೆಯ ಸುರಂಗಮಾರ್ಗವು ೧೯೦೪ನೆಯ ಅಕ್ಟೋಬರ್ ೨೭ರಂದು ತೆರೆಯಿತು. ನಗರಸಭಾಭವನದ ಬಳಿಯ ಸಿಟಿ ಹಾಲ್ ನಿಲ್ದಾಣದಿಂದ ೧೪೫ನೆಯ ಬೀದಿಯವರೆಗೆ ಸುಮಾರು ಒಂಬತ್ತು ಮೈಲಿ ದೂರ, ೨೮ ನಿಲ್ದಾಣಗಳು, ಎಲ್ಲಿಂದ ಎಲ್ಲಿಗೆ ಹೋದರೂ ಐದು ಸೆಂಟು ದರ. ಮುಖ್ಯ ಎಂಜಿನಿಯರರಾಗಿದ್ದವರು ವಿಲಿಯಂ ಬಾರ್ಕ್ಲೆ ಪಾರ್ಸನ್ಸ್. ನಿಲ್ದಾಣಗಳ ಅಲಂಕಾರವನ್ನು ರೂಪಿಸಿದವರು ಜಾರ್ಜ್ ಹೈನ್ಸ್ ಮತ್ತು ಕ್ರಿಸ್ಟೊಫರ್ ಗ್ರಾಂಟ್ ಲಾಫಾರ್ಜ್ ಎಂಬ ಇಬ್ಬರು ವಾಸ್ತುಶಿಲ್ಪಿಗಳು. ಅದೇ ನಗರದ ಸೇಂಟ್ ಜಾನ್ ದ ಡಿವೈನ್ ಎಂಬ ದೊಡ್ಡ ಇಗರ್ಜಿಗೆ ಮೊದಲು ನಕ್ಷೆ ಹಾಕಿದವರೂ ಇವರೇ. ಈ ಕಾರ್ಯಕ್ಕೆ ನಗರವು ಮಾಡಿಕೊಂಡ ಕರಾರುಪತ್ರದಲ್ಲಿ ಗಮನಾರ್ಹವಾದ ಒಂದು ಷರತ್ತು ಸೇರಿತ್ತು. ಈ ರೈಲು ಒಂದು ಮಹತ್ತಾದ ಸಾರ್ವಜನಿಕ ಕಾರ್ಯ. ಆದಕಾರಣ ಜನರ ಕಣ್ಣಿಗೆ ಬೀಳುವ ಅದರ ಎಲ್ಲ ಭಾಗಗಳನ್ನೂ ಉಪಯೋಗವನ್ನು ಗಮನಿಸಿ ಕಟ್ಟುವಂತೆಯೇ ಸೌಂದರ್ಯವನ್ನೂ ಗಮನಿಸಿ ಕಟ್ಟತಕ್ಕದ್ದು ಎಂಬುದು ಅದರ ತಾತ್ಪರ್ಯ. ಸೌಂದರ್ಯವನ್ನು ದಾನಿಯ ಔದಾರ್ಯಕ್ಕೆ ಬಿಡದೆ ಗುತ್ತಿಗೆಯ ಬಾಧ್ಯತೆಯಾಗಿ ಮಾಡಿದ ಈ ಮಾತನ್ನು ಕಲೆಯ ಇತಿಹಾಸಕಾರರು ಮರೆಯಬಾರದು.

ಈ ಷರತ್ತಿನ ಫಲವಾಗಿ ಬಾಸ್ಟನ್ನಿನ ಗ್ರೂಬಿ, ಸಿನ್ಸಿನಾಟಿಯ ರುಕ್‌ವುಡ್ ಮೊದಲಾದ ಕಾರ್ಖಾನೆಗಳಲ್ಲಿ ಸುಟ್ಟು ಮೆರುಗು ಕೊಟ್ಟ ಮಣ್ಣಿನ ಉಬ್ಬುಫಲಕಗಳು ನಿಲ್ದಾಣದ ಗೋಡೆಗಳನ್ನು ಸೇರಿದವು. ಕೊಲಂಬಸ್ ಸರ್ಕಲ್ಲಿನಲ್ಲಿ ಕೊಲಂಬಸನ ಹಡಗು. ಫುಲ್ಟನ್ ಬೀದಿಯಲ್ಲಿ ರಾಬರ್ಟ್ ಫುಲ್ಟನ್ನನ ಹೊಗೆಹಡಗು. ಆಸ್ಟರ್ ಪ್ಲೇಸಿನಲ್ಲಿ ಮರದ ಕಾಂಡವನ್ನು ಹಲ್ಲಿನಿಂದ ಕಡಿಯುತ್ತಿರುವ ಬೀವರ್ ಎಂಬ ಪ್ರಾಣಿ. ಈ ಬೀವರಿನ ಮುಂದೆ ನಿಲ್ಲದ ಮಾರ್ಗದರ್ಶಿ ವಿರಳ. ಅಲ್ಲಿ ಎರಡು ಮಾತುಗಳನ್ನು ಹೇಳುವುದು ರೂಢಿಯಾಗಿದೆ. ಜಾನ್ ಜೇಕಬ್ ಆಸ್ಟರ್ ಎಂಬ ಧನಿಕನು ಬೀವರ್ ಮೊದಲಾದ ಮೃಗಗಳ ತುಪ್ಪುಳುದೊಗಲಿನ ವ್ಯಾಪಾರದಿಂದ ಐಶ್ವರ್ಯವಂತನಾದನೆಂಬುದು ಮೊದಲನೆಯದು. ಹೊರನಾಡುಗಳಿಂದ ಬಂದು ಇಂಗ್ಲಿಷ್ ಓದಲಾರದವರಿಗೆ ನಿಲ್ದಾಣವು ತಿಳಿಯಲೆಂದು ಇಂಥ ಚಿತ್ರಗಳನ್ನು ಇಟ್ಟರೆಂಬುದು ಎರಡನೆಯದು.

ಮೊದಲನೆಯ ಮಾತು ನಿಜ. ಎರಡನೆಯದನ್ನು ಅಷ್ಟು ಸುಲಭವಾಗಿ ಒಪ್ಪುವಂತಿಲ್ಲ. ಓದಲಾರದವರಿಗೆಂದೇ ಚಿತ್ರವಿದ್ದ ಪಕ್ಷದಲ್ಲಿ ನಿಲ್ದಾಣಕ್ಕೊಂದು ಬೇರೆ ಚಿತ್ರ ಇರಬೇಕಾಗಿತ್ತು. ಆದರೆ ಅದೇ ಮಾರ್ಗದ ಅನೇಕ ನಿಲ್ದಾಣಗಳ ಫಲಕಗಳಲ್ಲಿ ಇರುವುದು ಬೀದಿಯ ಅಂಕೆ. ಅದರ ಸುತ್ತ ಹೂವು ಹಣ್ಣುಗಳ ಅಲಂಕಾರ. ಚಿತ್ರವಿರುವಲ್ಲಿಯೂ ಹೆಸರು ದೊಡ್ಡ ಅಕ್ಷರಗಳಲ್ಲಿ ಬೇರೆಯಾಗಿ ಇದ್ದೇ ಇದೆ. ಇದಕ್ಕಿಂತ ಮುಖ್ಯವಾಗಿ, ಬೀವರನ್ನು ಕಂಡು ಆಸ್ಟರ್ ಎಂದು ತಿಳಿಯಬೇಕಾದರೆ ಆಸ್ಟರನ ವ್ಯಾಪಾರದ ಕಥೆ ಮೊದಲೇ ಗೊತ್ತಿರಬೇಕು. ನಿನ್ನೆಯ ದಿನ ಹಡಗಿನಿಂದ ಇಳಿದವನಿಗೆ ಆ ಕಥೆ ಎಲ್ಲಿಂದ ತಿಳಿಯಬೇಕು? ಮಾರ್ಗದರ್ಶಿಯ ಎರಡು ಮಾತುಗಳು ಒಂದರ ಕಾಲನ್ನು ಒಂದು ತುಳಿಯುತ್ತವೆ. ಕಥೆ ಬಲ್ಲವನಿಗೆ ಚಿತ್ರವಾದರೆ ಅದು ಪಂಡಿತರ ವಿನೋದ. ಓದಲಾರದವನಿಗೆ ಚಿತ್ರವಾದರೆ ಕಥೆಯ ಅಗತ್ಯವೇ ಇಲ್ಲ.

ಹಾಗೆಂದು ಎರಡನೆಯ ಮಾತನ್ನು ಪೂರ್ತಿಯಾಗಿ ತಳ್ಳಿಹಾಕುವುದೂ ಸರಿಯಲ್ಲ. ನಮ್ಮ ಅಲಂಕಾರಶಾಸ್ತ್ರದ ಪರಿಭಾಷೆಯಲ್ಲಿ ಹೇಳುವುದಾದರೆ, ಈ ಫಲಕಕ್ಕೆ ವಾಚ್ಯ, ವ್ಯಂಗ್ಯ ಎಂಬ ಎರಡು ಅರ್ಥಗಳಿವೆ. ದಿನವೂ ಅಲ್ಲಿ ಇಳಿಯುವವನಿಗೆ ಆಸ್ಟರನ ಹೆಸರು ತಿಳಿಯದಿದ್ದರೂ ಇದು ಬೀವರಿನ ನಿಲ್ದಾಣ, ಇದರ ಆಚೆಯದು ಬೀವರಿಲ್ಲದ ನಿಲ್ದಾಣ ಎಂಬಷ್ಟು ಗುರುತು ಸಾಕು. ಇದು ವಾಚ್ಯ. ಪ್ರಾಣಿಯಿಂದ ತೊಗಲಿಗೂ, ತೊಗಲಿನಿಂದ ಹಣಕ್ಕೂ, ಹಣದಿಂದ ಬೀದಿಯ ಹೆಸರಿಗೂ ನಡೆಯುವ ಭಾವನೆಯ ಸರಣಿ ವ್ಯಂಗ್ಯ. ಟೀಕಾಕಾರನು ವ್ಯಂಗ್ಯವನ್ನು ಬಿಡಿಸುವ ಉತ್ಸಾಹದಲ್ಲಿ ವಾಚ್ಯವನ್ನು ಮರೆತುಬಿಡುತ್ತಾನೆ. ಬಾಗಿಲು ತೆರೆದ ಕ್ಷಣದಲ್ಲಿ ತಲೆಯೆತ್ತಿ, ಕಣ್ಣಿನ ಅಂಚಿನಲ್ಲಿ ಚಿತ್ರವನ್ನು ಕಂಡು, ತನ್ನ ಊರು ಬಂತೆಂದು ಏಳುವವನೇ ಈ ಕೃತಿಯ ಮೊದಲ ಸಹೃದಯ. ಅವನ ಅನುಭವವು ಕಥೆ ಬಲ್ಲವನ ಅನುಭವಕ್ಕಿಂತ ಕಡಮೆಯದೆಂದು ಹೇಳಲು ಆಧಾರವಿಲ್ಲ.

೩

ಹೈನ್ಸ್ ೧೯೦೭ರಲ್ಲಿ ತೀರಿಕೊಂಡರು. ಅನಂತರದ ಕಾಲದಲ್ಲಿ ನಿಲ್ದಾಣಗಳ ರೂಪಣೆಯ ಹೊಣೆ ಸ್ಕ್ವಯರ್ ವಿಕರ್ಸ್ ಎಂಬವರ ಕೈಗೆ ಬಂದು, ೧೯೪೨ರವರೆಗೂ ಅವರಲ್ಲಿಯೇ ಇದ್ದಿತು. ಸ್ವತಃ ಚಿತ್ರಕಾರರಾಗಿದ್ದ ಇವರು ಉಬ್ಬುಫಲಕಗಳನ್ನು ಬಿಟ್ಟು ಸಮತಲವಾದ ಮೊಸಾಯಿಕ್ಕನ್ನು ಹಿಡಿದರು. ಅದಕ್ಕೆ ವೆಚ್ಚ ಕಡಮೆ, ಧೂಳು ಕೂರುವುದಿಲ್ಲ, ಒರಸಿದರೆ ಶುಭ್ರವಾಗುತ್ತದೆ. ೧೯೩೨ನೆಯ ಸೆಪ್ಟೆಂಬರ್ ೧೦ರಂದು ನಗರವೇ ನಡೆಸತೊಡಗಿದ ಇಂಡಿಪೆಂಡೆಂಟ್ ಎಂಬ ಹೊಸ ಮಾರ್ಗ ತೆರೆಯುವ ವೇಳೆಗೆ ಅಲಂಕಾರವು ಇನ್ನೂ ಸರಳವಾಗಿ, ಬಿಳಿಯ ಗೋಡೆಯ ಉದ್ದಕ್ಕೂ ಎಳೆದ ಒಂದು ಬಣ್ಣದ ಪಟ್ಟಿ ಮಾತ್ರ ಉಳಿಯಿತು.

ಈ ಪಟ್ಟಿಯಲ್ಲಿ ಒಂದು ವ್ಯವಸ್ಥೆಯಿದೆ. ಶೀಘ್ರಗಾಡಿಗಳು ನಿಲ್ಲುವ ದೊಡ್ಡ ನಿಲ್ದಾಣದಲ್ಲಿ ಒಂದು ಬಣ್ಣ ಪ್ರಾರಂಭವಾಗುತ್ತದೆ. ಅದರ ಮುಂದಿನ ಸಣ್ಣ ನಿಲ್ದಾಣಗಳೆಲ್ಲ ಅದೇ ಬಣ್ಣದ ಕುಟುಂಬಕ್ಕೆ ಸೇರುತ್ತವೆ. ಮತ್ತೊಂದು ದೊಡ್ಡ ನಿಲ್ದಾಣ ಬಂದಾಗ ಬಣ್ಣ ಬದಲಾಗುತ್ತದೆ. ನೇರಳೆ, ನೀಲಿ, ಹಸಿರು, ಹಳದಿ, ಕೆಂಪು ಇವು ಆ ಐದು ಬಣ್ಣಗಳು. ಇಲ್ಲಿ ಹೇಳಲು ಆಸ್ಟರನೂ ಇಲ್ಲ, ಕೊಲಂಬಸನೂ ಇಲ್ಲ. ಕಥೆಯಿಲ್ಲದ ಗೋಡೆಯ ಮುಂದೆ ಕಥೆ ಹೇಳುವವನಿಗೆ ಕೆಲಸವೆಲ್ಲಿಯದು? ಆದುದರಿಂದ ಬೀವರಿಗೆ ದೊರೆಯುವ ಮಾತಿನಲ್ಲಿ ಹತ್ತನೆಯ ಒಂದು ಪಾಲು ಕೂಡ ಈ ಪಟ್ಟಿಗೆ ದೊರೆಯಲಾರದು.

ವಿಮರ್ಶಕನು ಇಲ್ಲಿಯೇ ನಿಂತು ಯೋಚಿಸಬೇಕು. ಓಡುವ ಗಾಡಿಯ ಕಿಟಕಿಯಿಂದ ಅಕ್ಷರವನ್ನು ಓದಲು ಕಷ್ಟ. ಉಬ್ಬುಫಲಕವನ್ನು ಕಾಣಲೂ ಕಷ್ಟ. ಆದರೆ ಗೋಡೆಯ ಉದ್ದಕ್ಕೂ ಹರಿದ ಬಣ್ಣವು ಹೆಸರಿಗಿಂತ ಮೊದಲು ಕಣ್ಣನ್ನು ಮುಟ್ಟುತ್ತದೆ. ಔಚಿತ್ಯವೇ ಕಲೆಯ ಜೀವವೆನ್ನುವುದಾದರೆ ವಿಕರ್ಸರ ಪಟ್ಟಿಯು ಫಲಕಗಳಿಗಿಂತ ಒಂದು ಹೆಜ್ಜೆ ಮುಂದೆ ಹೋಗಿದೆಯೆನ್ನಬೇಕು. ನೋಡುವವನು ಚಲಿಸುತ್ತಿದ್ದಾನೆಂಬುದನ್ನು ಅರಿತು ಮಾಡಿದ ಅಲಂಕಾರ ಅದು.

೪

ಮಾರ್ಗದರ್ಶಿಗಳ ಕಥನಕ್ಕೆ ಒಂದು ಚೌಕಟ್ಟು ಸಿದ್ಧವಾಗಿರುತ್ತದೆ. ಆದಿಯಲ್ಲಿ ಒಂದು ಸತ್ಯಯುಗ; ಆಗ ಎಲ್ಲವೂ ಸುಂದರ. ನಡುವೆ ಒಂದು ಕಲಿಯುಗ. ಆಗ ಬಣ್ಣದ ಡಬ್ಬಿ ಹಿಡಿದ ಹುಡುಗರು ಗಾಡಿಗಳ ಒಳಗೂ ಹೊರಗೂ ತಮ್ಮ ಹೆಸರುಗಳನ್ನು ಗೀಚಿ ಕೆಡಿಸಿದರು. ೧೯೮೫ರಲ್ಲಿ ಮೆಟ್ರೊಪಾಲಿಟನ್ ಟ್ರಾನ್ಸ್‌ಪೋರ್ಟೇಷನ್ ಅಥಾರಿಟಿಯವರು ಕಲೆಗೆಂದು ಒಂದು ವಿಭಾಗವನ್ನು ಸ್ಥಾಪಿಸಿದಾಗ ಪುನರುದ್ಧಾರ. ೧೯೮೯ನೆಯ ಮೇ ೧೨ರಂದು ಗೀಚಿದ ಕೊನೆಯ ಗಾಡಿಯನ್ನು ಓಡಾಟದಿಂದ ತೆಗೆದಾಗ ಕಲಿಯ ಅಂತ್ಯ. ಕೇಳಲು ಇದು ಸೊಗಸಾಗಿದೆ. ಇತಿಹಾಸಕ್ಕೆ ಮಾತ್ರ ಸಮವಾಗಿ ಹೊಂದುವುದಿಲ್ಲ.

ಸತ್ಯಯುಗದಲ್ಲಿಯೇ ಜಗಳವಿತ್ತು. ೧೯೦೪ರಲ್ಲಿ ಮಾರ್ಗ ತೆರೆದ ಕೆಲವೇ ದಿನಗಳಲ್ಲಿ ಗುತ್ತಿಗೆಯ ಕಂಪನಿಯವರು ಹೊಸ ಗೋಡೆಗಳ ಮೇಲೆ ಜಾಹೀರಾತಿನ ಹಲಗೆಗಳನ್ನು ಹೊಡೆಸಿದರು; ಕಲೆಯ ಅಭಿಮಾನಿಗಳು ಅದನ್ನು ಪ್ರತಿಭಟಿಸಿದರು; ಜಾಹೀರಾತುಗಳು ಉಳಿದುಕೊಂಡವು. ಇನ್ನು ಕಲಿಯುಗದ ಲೆಕ್ಕವನ್ನು ನೋಡಿದರೆ, ಮೊದಲ ನಿಲ್ದಾಣಗಳಲ್ಲಿ ಕೆಲವನ್ನು ನಗರವು ಸಂರಕ್ಷಿತ ಸ್ಮಾರಕಗಳೆಂದು ಘೋಷಿಸಿದ್ದು ೧೯೭೯ರಲ್ಲಿ. ಸಾರ್ವಜನಿಕ ಕಟ್ಟಡಗಳ ವೆಚ್ಚದಲ್ಲಿ ಒಂದು ಪಾಲನ್ನು ಕಲೆಗೆ ಮೀಸಲಿಡಬೇಕೆಂದು ನಗರವು ಕಾನೂನು ಮಾಡಿದ್ದು ೧೯೮೨ರಲ್ಲಿ. ಕೀತ್ ಹೇರಿಂಗ್ ಎಂಬ ಚಿತ್ರಕಾರನು ನಿಲ್ದಾಣಗಳಲ್ಲಿ ಅವಧಿ ಮುಗಿದ ಜಾಹೀರಾತುಗಳ ಮೇಲೆ ಅಂಟಿಸಿದ್ದ ಕಪ್ಪು ಕಾಗದದ ಮೇಲೆ ಬಿಳಿಯ ಸೀಮೆಸುಣ್ಣದಿಂದ ಚಿತ್ರಗಳನ್ನು ಬರೆದದ್ದು ೧೯೮೦ರಿಂದ ೧೯೮೫ರವರೆಗೆ. ಇವೆಲ್ಲವೂ ಪುನರುದ್ಧಾರಕ್ಕೆ ಮುಂಚಿನ ಮಾತು. ಕತ್ತಲೆಯೆಂದು ಹೆಸರಿಟ್ಟ ಕಾಲದ ಹೊಟ್ಟೆಯಲ್ಲಿಯೇ ಬೆಳಕಿನ ಕೆಲಸಗಳು ನಡೆದಿದ್ದವು.

ಹೇರಿಂಗನ ರೀತಿಯನ್ನು ನಮ್ಮ ವಾದಕ್ಕಾಗಿ ಇನ್ನಷ್ಟು ನೋಡಬೇಕು. ಜನ ಓಡಾಡುತ್ತಿರುವಾಗಲೇ ಅವರ ಎದುರಿನಲ್ಲಿ, ಪೊಲೀಸರು ಬರುವುದರೊಳಗಾಗಿ, ನಿಮಿಷಗಳಲ್ಲಿ ಗೆರೆಯನ್ನು ಎಳೆದು ಮುಗಿಸಬೇಕು. ಸೀಮೆಸುಣ್ಣ ಕೈ ತಾಗಿದರೆ ಅಳಿಸುತ್ತದೆ. ಮೇಲೆ ಹೊಸ ಜಾಹೀರಾತು ಬಂದರೆ ಮುಚ್ಚಿಹೋಗುತ್ತದೆ. ಬರೆಯುವವನಿಗೂ ನೋಡುವವನಿಗೂ ಇದ್ದದ್ದು ಒಂದೇ ಕಾಲ, ಎರಡು ಗಾಡಿಗಳ ನಡುವಣ ಕಾಲ. ತಡವರಿಸದೆ ಸಾಗುವ ಆ ಗೆರೆಯ ವೇಗವು ಸ್ಥಳದಿಂದಲೇ ಹುಟ್ಟಿದ್ದು. ಆದುದರಿಂದ ಆ ಹಾಳೆಗಳನ್ನು ಕಿತ್ತು ಚಿತ್ರಶಾಲೆಗಳಲ್ಲಿ ಕಟ್ಟು ಹಾಕಿಸಿ ಇಟ್ಟಾಗ ಉಳಿಯುವುದು ರೇಖೆ ಮಾತ್ರ. ಅದಕ್ಕೆ ಕಾರಣವಾದ ಆತುರ ಅಲ್ಲಿ ಉಳಿಯುವುದಿಲ್ಲ.

೫

೧೯೮೫ರಿಂದ ಈಚೆಗೆ ಆ ವಿಭಾಗದವರು ಇಡಿಸಿದ ಶಾಶ್ವತ ಕೃತಿಗಳ ಸಂಖ್ಯೆ ನಾಲ್ಕು ನೂರರ ಸುಮಾರಿಗೆ ಮುಟ್ಟಿದೆ. ಎಲ್ಲವನ್ನೂ ಎಣಿಸುವುದು ಇಲ್ಲಿ ಸಾಧ್ಯವೂ ಅಲ್ಲ, ಅವಶ್ಯಕವೂ ಅಲ್ಲ. ಸುರಂಗರೈಲಿನ ಪಯಣಿಗನಿಗೆ ಮೂರು ಬಗೆಯ ಕಾಲವಿದೆ. ಗಾಡಿಗಾಗಿ ಕಾಯುವ ಕಾಲ, ಒಂದು ಕಡೆಯಿಂದ ಮತ್ತೊಂದು ಕಡೆಗೆ ನಡೆಯುವ ಕಾಲ, ಗಾಡಿಯಲ್ಲಿ ಸಾಗುವ ಕಾಲ. ಈ ಮೂರರಲ್ಲಿ ಒಂದನ್ನು ಯಾವ ಕೃತಿಯು ತನ್ನ ಅಂಗವಾಗಿ ಮಾಡಿಕೊಂಡಿದೆಯೋ ಅದು ಸ್ಥಳಕ್ಕೆ ಸಲ್ಲುವ ಕೃತಿ. ಯಾವುದು ಮಾಡಿಕೊಂಡಿಲ್ಲವೋ ಅದು ಬೇರೆಡೆಯಿಂದ ತಂದು ಅಂಟಿಸಿದ ಚಿತ್ರ. ಈ ಅಳತೆಗೋಲಿನಿಂದ ಮೂರು ಕೃತಿಗಳನ್ನು ನೋಡೋಣ.

ಕಾಯುವ ಕಾಲಕ್ಕೆ ಉದಾಹರಣೆ ಎಂಟನೆಯ ಅವೆನ್ಯೂವಿನ ೧೪ನೆಯ ಬೀದಿಯ ನಿಲ್ದಾಣದಲ್ಲಿ ಟಾಮ್ ಆಟರ್ನೆಸ್ ಮಾಡಿರುವ ಕಂಚಿನ ಪ್ರತಿಮೆಗಳು. ನೂರಕ್ಕೂ ಮಿಕ್ಕಿದ ಈ ಗುಜ್ಜಾರಿ ಮೂರ್ತಿಗಳು ಬೆಂಚಿನ ತುದಿಯಲ್ಲಿ, ತೊಲೆಯ ಮೇಲೆ, ಮೆಟ್ಟಿಲಿನ ಕೆಳಗೆ ಅಡಗಿಕೊಂಡಿವೆ. ಒಂದೆಡೆ ನೆಲದ ಮುಚ್ಚಳದ ಅಡಿಯಿಂದ ಮೊಸಳೆಯೊಂದು ಮೇಲೆ ಬಂದು, ತಲೆಯ ಸ್ಥಾನದಲ್ಲಿ ಹಣದ ಚೀಲವುಳ್ಳ ಮನುಷ್ಯನನ್ನು ಕಚ್ಚಿ ಹಿಡಿದಿದೆ. ಆ ಚೀಲದ ತಲೆಯ ಮೂಲವು ಹತ್ತೊಂಬತ್ತನೆಯ ಶತಮಾನದ ನ್ಯೂಯಾರ್ಕಿನಲ್ಲಿ ಲಂಚಕೋರತನಕ್ಕೆ ಹೆಸರಾಗಿದ್ದ ಟ್ವೀಡ್ ಎಂಬ ರಾಜಕಾರಣಿಯನ್ನು ಕುರಿತು ತಾಮಸ್ ನಾಸ್ಟ್ ಬರೆದ ವ್ಯಂಗ್ಯಚಿತ್ರಗಳಲ್ಲಿದೆ. ಇಲ್ಲಿ ಮಾರ್ಗದರ್ಶಿಯ ಉಪಕಾರವನ್ನು ಮನಸಾರೆ ಸ್ಮರಿಸಬೇಕು; ಈ ಪೂರ್ವಕಥೆಯನ್ನು ಕಂಚು ತಾನಾಗಿ ಹೇಳಲಾರದು. ಆದರೆ ಅಡಗಿದ್ದನ್ನು ತಾನೇ ಕಂಡುಹಿಡಿಯುವ ಸುಖವು ಕೃತಿಯ ಪ್ರಾಣ. ಗಾಡಿ ತಡವಾದ ದಿನ ಒಂದು, ಮಾರನೆಯ ವಾರ ಮತ್ತೊಂದು, ಹೀಗೆ ಮೂರ್ತಿಗಳು ಕಣ್ಣಿಗೆ ಬೀಳಬೇಕು. ಅರ್ಧ ಗಂಟೆಯಲ್ಲಿ ಎಲ್ಲವನ್ನೂ ಬೆರಳಿಟ್ಟು ತೋರಿಸಿದರೆ ಒಗಟನ್ನೂ ಉತ್ತರವನ್ನೂ ಒಂದೇ ಉಸಿರಿನಲ್ಲಿ ಹೇಳಿದಂತಾಗುವುದು.

ನಡೆಯುವ ಕಾಲಕ್ಕೆ ಉದಾಹರಣೆಯು ಸಾಹಿತ್ಯದ ವಿದ್ಯಾರ್ಥಿಗಳಿಗೆ ವಿಶೇಷವಾಗಿ ಪ್ರಿಯವಾಗತಕ್ಕದ್ದು. ಟೈಮ್ಸ್ ಸ್ಕ್ವೇರಿನಿಂದ ಎಂಟನೆಯ ಅವೆನ್ಯೂವಿನ ಮಾರ್ಗಕ್ಕೆ ಹೋಗುವ ಉದ್ದನೆಯ ಓಣಿಯ ಮೇಲ್ಭಾಗದಲ್ಲಿ, ಅಡ್ಡತೊಲೆಗಳ ಮೇಲೆ, ನಾರ್ಮನ್ ಕಾಲ್ಪ್ ಎಂಬವರು ೧೯೯೧ರಲ್ಲಿ ಒಂದು ಕಿರುಗವಿತೆಯನ್ನು ಬಿಡಿಬಿಡಿಯಾಗಿ ಇಟ್ಟರು. ರಸ್ತೆಯ ಬದಿಯಲ್ಲಿ ದೂರದೂರಕ್ಕೆ ಹಲಗೆಗಳನ್ನು ನೆಟ್ಟು, ಹಲಗೆಗೆ ಒಂದೊಂದು ತುಣುಕಾಗಿ ಪ್ರಾಸದ ಪದ್ಯ ಬರೆಯುತ್ತಿದ್ದ ಹಿಂದಿನ ಒಂದು ಜಾಹೀರಾತಿನ ಪದ್ಧತಿಯೇ ಇದಕ್ಕೆ ಮಾದರಿ. ನಿದ್ದೆ ಹೆಚ್ಚಾಗಿ, ದಣಿದು, ತಡವಾದರೆ ಕೆಲಸ ಹೋದೀತೆಂದು ಹೆದರಿ, ಇಷ್ಟೆಲ್ಲ ಏಕೆಂದು ಬೇಸತ್ತು, ಮನೆಗೆ ಮರಳಿ, ಮರುದಿನ ಮತ್ತೆ ಅದನ್ನೇ ಮಾಡುವ ಸಂಬಳಗಾರನ ಬಾಳು ಅದರ ವಸ್ತು. ಕೊನೆಯಲ್ಲಿ ಒಂದು ಹಾಸಿಗೆಯ ಚಿತ್ರ. ಒಂದು ತೊಲೆಯಿಂದ ಮತ್ತೊಂದಕ್ಕೆ ಕೆಲವು ಹೆಜ್ಜೆ. ಪದ್ಯದ ಯತಿಯು ಎಲ್ಲಿ ಬೀಳಬೇಕೆಂಬುದನ್ನು ನಿರ್ಣಯಿಸುವುದು ಓದುವವನ ಕಾಲು. ಅವಸರದವನಿಗೆ ಅದು ದ್ರುತಗತಿಯ ಪದ್ಯ, ದಣಿದವನಿಗೆ ವಿಳಂಬಗತಿಯದು. ಮೇಲಾಗಿ, ಹಿಂದುಮುಂದಿನ ಜನಸಂದಣಿಯಲ್ಲಿ ನಿಲ್ಲಲಾಗದೆ ನಡೆಯುತ್ತಿರುವ ಓದುಗನೇ ಪದ್ಯದ ನಾಯಕನಾಗಿರುತ್ತಾನೆ. ಮೊದಲ ತೊಲೆಯ ಕೆಳಗೆ ಗುಂಪನ್ನು ನಿಲ್ಲಿಸಿ ಪದ್ಯವನ್ನು ಪೂರ್ತಿಯಾಗಿ ಹೇಳಿಬಿಡುವ ಮಾರ್ಗದರ್ಶಿಯು ಅರ್ಥವನ್ನು ಉಳಿಸಿ ಛಂದಸ್ಸನ್ನು ಕೊಲ್ಲುತ್ತಾನೆ.

ಸಾಗುವ ಕಾಲಕ್ಕೆ ಉದಾಹರಣೆಯಾದ ಕೃತಿಯನ್ನು ನಿಂತು ನೋಡಲು ಪಯಣಿಗನಿಗೆ ಸಾಧ್ಯವೇ ಇಲ್ಲ. ಬ್ರೂಕ್ಲಿನ್ನಿನಲ್ಲಿ ೧೯೫೬ರಲ್ಲಿ ಮುಚ್ಚಿದ ಮರ್ಟಲ್ ಅವೆನ್ಯೂ ಎಂಬ ನಿಲ್ದಾಣದೊಳಗೆ ಬಿಲ್ ಬ್ರಾಂಡ್ ಎಂಬವರು ೧೯೮೦ರಲ್ಲಿ ೨೨೮ ಚಿತ್ರಫಲಕಗಳನ್ನು ಸಾಲಾಗಿ ಇಟ್ಟು, ಅವುಗಳ ಮುಂದೆ ಕಿರಿದಾದ ಸೀಳುಗಳುಳ್ಳ ಗೋಡೆಯನ್ನು ಕಟ್ಟಿದರು. ಇದಕ್ಕೆ ಮಾಸ್‌ಟ್ರಾನ್ಸಿಸ್ಕೋಪ್ ಎಂದು ಹೆಸರು. ಮ್ಯಾನ್‌ಹಾಟನ್ನಿನ ಕಡೆಗೆ ಹೋಗುವ ಗಾಡಿ ಅದನ್ನು ಹಾದುಹೋಗುವಾಗ ಸೀಳುಗಳ ಮೂಲಕ ಕಂಡ ಚಿತ್ರಗಳು ಒಂದರೊಳಗೊಂದು ಬೆರೆತು ಕುಣಿಯುತ್ತವೆ. ಸಿನಿಮಾದಲ್ಲಿ ನೋಡುವವನು ಕುಳಿತಿರುತ್ತಾನೆ, ಚಿತ್ರ ಓಡುತ್ತದೆ. ಇಲ್ಲಿ ಚಿತ್ರ ನಿಂತಿದೆ, ನೋಡುವವನು ಓಡುತ್ತಾನೆ. ಗಾಡಿ ನಿಧಾನವಾದರೆ ಚಿತ್ರ ನಿಧಾನವಾಗುವುದು. ಗಾಡಿ ನಿಂತರೆ ಚಿತ್ರವೇ ಇಲ್ಲ. ಕೃತಿಗೂ ಪಯಣಿಗನಿಗೂ ಇದಕ್ಕಿಂತ ಹತ್ತಿರವಾದ ಸಂಬಂಧವನ್ನು ಊಹಿಸುವುದು ಕಷ್ಟ. ಇಲ್ಲಿ ಮಾರ್ಗದರ್ಶಿಗೆ ಇರುವುದು ಒಂದೇ ದಾರಿ: ತನ್ನ ಜನರನ್ನು ಗಾಡಿಗೆ ಹತ್ತಿಸಿ, ಬಲಗಡೆಯ ಕಿಟಕಿಯ ಬಳಿ ನಿಲ್ಲಿರೆಂದು ಹೇಳಿ, ಸುಮ್ಮನಾಗುವುದು.

ಈ ಮಾತಿಗೆ ಒಂದು ಆಕ್ಷೇಪ ಬರಬಹುದು. ಬೇಗ ನೋಡಿದ್ದು ಅರೆಯಾಗಿ ನೋಡಿದ್ದಲ್ಲವೇ? ೧೨೫ನೆಯ ಬೀದಿಯ ನಿಲ್ದಾಣದಲ್ಲಿ ಫೇತ್ ರಿಂಗ್‌ಗೋಲ್ಡ್ ಎಂಬ ಕಲಾವಿದೆಯು ೧೯೯೬ರಲ್ಲಿ ರಚಿಸಿದ ಮೊಸಾಯಿಕ್ಕಿನಲ್ಲಿ ಹಾರ್ಲೆಮ್ ಪ್ರದೇಶದ ಕರಿಯ ಜನಾಂಗದ ಗಾಯಕರು, ಲೇಖಕರು, ಮಲ್ಲರು ತಮ್ಮ ಬಡಾವಣೆಯ ಕಟ್ಟಡಗಳ ಮೇಲೆ ಹಾರಾಡುತ್ತಿದ್ದಾರೆ. ಅವರು ಯಾರು ಯಾರೆಂದು ತಿಳಿಯದೆ ಹಾದುಹೋಗುವುದು ನಷ್ಟವಲ್ಲವೇ? ನಷ್ಟವೇ ಸರಿ. ಆದರೆ ಹಾದುಹೋಗುವವನು ಒಂದು ಸಲ ಮಾತ್ರ ಹಾದುಹೋಗುವುದಿಲ್ಲವೆಂಬುದನ್ನು ಆಕ್ಷೇಪಿಸುವವರು ಗಮನಿಸಬೇಕು. ಪ್ರವಾಸಿಯು ಚಿತ್ರವನ್ನು ಒಮ್ಮೆ ಹತ್ತು ನಿಮಿಷ ನೋಡುತ್ತಾನೆ. ಆ ಬಡಾವಣೆಯವನು ಎರಡೆರಡು ಕ್ಷಣಗಳಂತೆ ಇಪ್ಪತ್ತು ವರ್ಷ ನೋಡುತ್ತಾನೆ. ಇವನದು ಪಾರಾಯಣದ ಓದು. ಮೊದಲನೆಯದರಿಂದ ಪರಿಚಯ ಬರುತ್ತದೆ. ಎರಡನೆಯದರಿಂದ ಚಿತ್ರವು ಬಾಳಿನ ಭಾಗವಾಗುತ್ತದೆ. ತಮ್ಮ ಹಿರಿಯರು ತಮ್ಮ ತಲೆಯ ಮೇಲೆ ಹಾರುತ್ತಿರುವುದನ್ನು ಕಂಡು ಬೆಳೆದ ಮಕ್ಕಳಿಗೆ ಹೆಸರುಗಳನ್ನು ಹೇಳಿಕೊಡಲು ಮನೆಯವರೇ ಸಾಕು.

೬

ಕೊನೆಯದಾಗಿ, ಮಾರ್ಗದರ್ಶಿಯೇ ಪ್ರಧಾನನಾಗಿರುವ ಒಂದು ಸ್ಥಳವನ್ನು ಪರಿಶೀಲಿಸಬೇಕು. ೧೯೦೪ರ ಮಾರ್ಗದ ಮೊದಲ ನಿಲ್ದಾಣವಾದ ಸಿಟಿ ಹಾಲ್ ಅತ್ಯಂತ ಸುಂದರವೆಂದು ಹೆಸರಾದದ್ದು. ಸ್ಪೇನಿನಿಂದ ಬಂದ ಗ್ವಾಸ್ಟವೀನೊ ಮನೆತನದವರ ಪದ್ಧತಿಯಲ್ಲಿ ತೆಳುವಾದ ಬಿಲ್ಲೆಗಳನ್ನು ಪದರಪದರವಾಗಿ ಕೂಡಿಸಿದ ಕಮಾನುಗಳು, ಸೀಸದ ಪಟ್ಟಿಗಳಲ್ಲಿ ಕೂರಿಸಿದ ಗಾಜಿನ ಬೆಳಕಿಂಡಿಗಳು, ಹಿತ್ತಾಳೆಯ ತೂಗುದೀಪಗಳು, ಇವೆಲ್ಲ ಅಲ್ಲಿವೆ. ಆದರೆ ಅದರ ಕಟ್ಟೆ ಬಾಗಿದ್ದು, ಗಿಡ್ಡವಾದದ್ದು. ಗಾಡಿಗಳು ಉದ್ದವಾಗಿ ನಡುವೆಯೂ ಬಾಗಿಲುಗಳು ಬಂದಾಗ ಕಟ್ಟೆಗೂ ಬಾಗಿಲಿಗೂ ಅಪಾಯಕರವಾದ ಅಂತರವುಂಟಾಯಿತು. ಸಮೀಪದಲ್ಲಿಯೇ ದೊಡ್ಡ ನಿಲ್ದಾಣವಿದ್ದುದರಿಂದ ಇಲ್ಲಿ ಹತ್ತುವವರೂ ಕಡಮೆ. ೧೯೪೫ನೆಯ ಡಿಸೆಂಬರ್ ೩೧ರಂದು ಅದನ್ನು ಮುಚ್ಚಿದರು.

ಈಗ ಅದನ್ನು ನೋಡಲು ಎರಡು ದಾರಿಗಳಿವೆ. ಬ್ರೂಕ್ಲಿನ್ನಿನ ಕೋರ್ಟ್ ಬೀದಿಯ ಹಳೆಯ ನಿಲ್ದಾಣವೊಂದರಲ್ಲಿ ೧೯೭೬ರಲ್ಲಿ ಸ್ಥಾಪಿತವಾದ ಟ್ರಾನ್ಸಿಟ್ ಮ್ಯೂಸಿಯಮ್ಮಿನವರು ತಮ್ಮ ಸದಸ್ಯರನ್ನು ಮಾರ್ಗದರ್ಶಿಯೊಡನೆ ಒಳಗೆ ಕರೆದೊಯ್ಯುತ್ತಾರೆ. ಇದು ಒಂದು. ಆರನೆಯ ನಂಬರಿನ ಗಾಡಿಯು ಕೊನೆಯ ನಿಲ್ದಾಣವನ್ನು ಮುಟ್ಟಿ ಹಿಂದಿರುಗುವಾಗ ಇದೇ ಬಾಗಿದ ಹಳಿಯ ಮೇಲೆ ಸುತ್ತಿ ಬರುತ್ತದೆ. ಇಳಿಯದೆ ಕುಳಿತವರಿಗೆ ಕಮಾನುಗಳ ಸಾಲು ಕಿಟಕಿಯಲ್ಲಿ ಮಿಂಚಿ ಹೋಗುವುದು. ಇದು ಎರಡು. ಮೊದಲನೆಯದರಲ್ಲಿ ನಿಲ್ದಾಣದ ವಿಷಯವೆಲ್ಲ ತಿಳಿಯುತ್ತದೆ. ಎರಡನೆಯದರಲ್ಲಿ ಬಿಲ್ಲೆಯ ಹೆಸರಾಗಲಿ ಶಿಲ್ಪಿಯ ಹೆಸರಾಗಲಿ ತಿಳಿಯುವುದಿಲ್ಲ. ಆದರೂ ಬಾಗಿದ ಹಳಿಯ ಮೇಲೆ ಗಾಡಿ ತಿರುಗುತ್ತಿರುವಾಗಲೇ ಕಮಾನುಗಳು ಒಂದೊಂದಾಗಿ ತೆರೆದು ಬರುವ ಕ್ರಮ, ಕಟ್ಟಿದವರ ಮನಸ್ಸಿನಲ್ಲಿದ್ದ ಕ್ರಮ, ಕಟ್ಟೆಯ ಮೇಲೆ ನಿಂತವನಿಗೆ ದೊರೆಯಲಾರದು. ಕರಾರುಪತ್ರದ ಸೌಂದರ್ಯವು ಐದು ಸೆಂಟು ಕೊಟ್ಟವನಿಗೆ ಸಲ್ಲಬೇಕಾದ ಸೌಂದರ್ಯವಾಗಿತ್ತೆಂಬುದನ್ನೂ ಇಲ್ಲಿ ನೆನೆಯಬೇಕು. ಆ ಹಕ್ಕು ಈಗ ಉಳಿದಿರುವುದು ಆ ತಿರುಗುವ ಗಾಡಿಯಲ್ಲಿ.

ಮಾರ್ಗದರ್ಶಿಯು ಬೇಡವೆಂಬುದು ನಮ್ಮ ಅಭಿಪ್ರಾಯವಲ್ಲ. ಆಸ್ಟರನ ತೊಗಲು, ಟ್ವೀಡನ ಹಣದ ಚೀಲ, ವಿಕರ್ಸರ ಬಣ್ಣದ ಕುಟುಂಬ, ಇವನ್ನು ಹೇಳುವವರಿಲ್ಲದೆ ಹೋದರೆ ಗೋಡೆಯು ಅರೆಮೂಕವಾಗುವುದು. ಕ್ರಮ ಮಾತ್ರ ಬದಲಾಗಬೇಕು. ಬಲ್ಲ ಅಧ್ಯಾಪಕನು ಪದ್ಯವನ್ನು ಮೊದಲು ಅದರ ಲಯದಲ್ಲಿ ಓದಿ ಕೇಳಿಸಿ, ಕಿವಿ ತುಂಬಿದ ಮೇಲೆ ಅನ್ವಯಕ್ಕೆ ಕೈಹಾಕುತ್ತಾನೆ. ಅನ್ವಯವನ್ನೇ ಮೊದಲು ಕೇಳಿದ ವಿದ್ಯಾರ್ಥಿಗೆ ಅರ್ಥ ಬರುತ್ತದೆ, ಪದ್ಯ ಬರುವುದಿಲ್ಲ. ಸುರಂಗರೈಲಿನ ಟೀಕಾಕಾರನೂ ಮೊದಲು ತನ್ನ ಗುಂಪನ್ನು ಜನರ ನಡುವೆ ಒಮ್ಮೆ ನಡೆಸಬೇಕು, ಒಮ್ಮೆ ಕಾಯಿಸಬೇಕು, ಒಮ್ಮೆ ಗಾಡಿಯಲ್ಲಿ ಸಾಗಿಸಬೇಕು. ಗೋಡೆಯ ಮುಂದೆ ನಿಲ್ಲಿಸಿ ಮಾತನಾಡುವ ಅಧಿಕಾರ ಅವನಿಗೆ ಆಮೇಲೆ ಬರುತ್ತದೆ.